ಚಿಮಣಿ ಆರಿದ ವಾರ

ವಾರಪತ್ರಿಕೆಯ ಧಾರಾವಾಹಿಯಲ್ಲಿ ಒಂದು ಹಾಳೆ ತಪ್ಪಿಹೋಗಿ ಒಂದು ನಕ್ಷತ್ರ ಸತ್ತಿತು.

ಅದರ ಹೆಸರು ಚಿಮಣಿ. ಧೂಮಲ ಎಂಬ ಕಲ್ಪನೆಯ ಗ್ಯಾಲಕ್ಸಿಯ ಮೂಲೆಯಲ್ಲಿ ಮಿಣುಕುತ್ತ, ಮೂರು ಬಡ ಗ್ರಹಗಳನ್ನು ಎರಡು ವರ್ಷದಿಂದ ಬೆಚ್ಚಗಿಟ್ಟಿದ್ದ ಪುಟ್ಟ ನಕ್ಷತ್ರ. ಈ ವಾರದ ಕಂತು 'ಚಿಮಣಿ ಆರಿತು' ಎಂಬಲ್ಲಿಗೆ ನಿಂತಿತ್ತು. ಬೆಳಗ್ಗೆ ಪತ್ರಿಕೆ ಬಿಡಿಸಿದೊಡನೆ ಕರಡು ತಿದ್ದುವವನಿಗೆ ಥಟ್ಟನೆ ನೆನಪಾಯಿತು. ಅವನು ತಿದ್ದಿದ ಕೊನೆಯ ಹಾಳೆಯ ನೆತ್ತಿಯಲ್ಲಿ ಲೇಖಕರು 'ಏಳರಲ್ಲಿ ಆರು' ಎಂದು ಬರೆದಿದ್ದರು. ಏಳನೆಯದನ್ನು ಅವನು ಕಂಡೇ ಇರಲಿಲ್ಲ.

ಎರಡು ಮಾತಿಗೊಮ್ಮೆ ತಡವರಿಸಿ ನಿಲ್ಲುತ್ತಿದ್ದ ಅವನನ್ನು ಆಫೀಸಿನಲ್ಲಿ ಎಲ್ಲರೂ ಅಲ್ಪವಿರಾಮ ಎಂದೇ ಕರೆಯುತ್ತಿದ್ದರು.

"ಅಮ್ಮ ಚಹಾನೂ ಮುಟ್ಟಿಲ್ಲ ರೀ," ಎಂದಳು ಹೆಂಡತಿ.

ಅತ್ತೆ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು. "ನೀವೂ ಅದೇ ಪತ್ರಿಕೇಲಿ ಇದೀರಿ ಅಳಿಯಂದಿರೇ. ಚಿಮಣೀನ ಸಾಯಿಸೋ ಮುಂಚೆ ಮನೇಲಿ ಒಂದು ಮಾತು ಹೇಳ್ಬಾರ್ದಾ?"

ಅಷ್ಟರಲ್ಲಿ ಕೆಳಮನೆಯ ದರ್ಜಿ ಕೊರಳಲ್ಲಿ ಟೇಪು ನೇತುಹಾಕಿಕೊಂಡೇ ಬಂದು ಬಾಗಿಲಲ್ಲಿ ನಿಂತ. "ಕತ್ತರಿ ಹಿಡಿಯೋಕೆ ಕೈ ಏಳ್ತಿಲ್ಲ ಸ್ವಾಮಿ. ಮೂರು ಗ್ರಹದಲ್ಲೂ ಮಕ್ಕಳುಮರಿ ಇದಾವೆ. ಚಳಿಗೆ ಏನ್ಮಾಡ್ತಾವೆ?"

"ಅದು... ಯಾರೋ ಒಂದು ಹಾಳೆ ಕಳೆದಿದಾರಂತೆ. ಅದರಲ್ಲಿ, ಮತ್ತೆ ಹೊತ್ಕೊಳ್ಳುತ್ತೋ ಏನೋ."

ಅತ್ತೆ ಎದ್ದು ಕೂತರು. "ಯಾರವನು?"

"ಅದು... ವಿಚಾರಣೆ ನಡೀತಿದೆ."

ಆಫೀಸಿನಲ್ಲಿ ಸಂಪಾದಕರು ಆರು ಹಾಳೆಗಳನ್ನು ಮೇಜಿನ ಮೇಲೆ ಹೆಣದಂತೆ ಮಲಗಿಸಿಕೊಂಡು ಕೂತಿದ್ದರು. "ಲೇಖಕರು ಐದೂವರೆಗೆ ಬರ್ತಾರೆ. ಐದರೊಳಗೆ ಏಳನೇ ಹಾಳೆ ಇಲ್ಲಿರಬೇಕು. ಇಲ್ಲಾಂದ್ರೆ ನಾಳೆಯಿಂದ ನೀವಿರಲ್ಲ."

ಹತ್ತೊಂಬತ್ತು ವರ್ಷದಿಂದ ಬೇರೆಯವರ ತಪ್ಪು ಹುಡುಕಿದ್ದು ಬಿಟ್ಟರೆ ಅಲ್ಪವಿರಾಮನಿಗೆ ಇನ್ನೊಂದು ಕೆಲಸ ಬಾರದು.

ಲೇಖಕರು ಹೊಸ ಕಾಗದ ಮುಟ್ಟಿದವರಲ್ಲ. ಹಳೆಯ ನೋಟಿಸುಗಳ ಬೆನ್ನಿಗೆ ಬರೆಯುತ್ತಿದ್ದರು. ರದ್ದಿ ಕೋಣೆಯ ತುಂಬ ಇದ್ದದ್ದೂ ಅಂಥವೇ ನೋಟಿಸುಗಳು. ಅಲ್ಪವಿರಾಮ ಒಂದೊಂದನ್ನೂ ಮಗುಚುತ್ತ ಕೂತ.

"ಕಳೆದದ್ದು ಯಾವಾಗಲೂ ಕೊನೇಗೆ ನೋಡಿದ ಜಾಗದಲ್ಲೇ ಸಿಗೋದು ಕಣಯ್ಯಾ," ಎಂದ ಬೈಂಡರ್, ಗೋಂದಿನ ಕುಂಚ ಆಡಿಸುತ್ತ. "ನೀನು ಮೊದಲೇ ಕೊನೇ ಜಾಗಕ್ಕೆ ಹೋಗ್ಬಿಡು."

ಭಯಬಿದ್ದವನಿಗೆ ಅದೂ ಬುದ್ಧಿಮಾತಾಗಿ ಕೇಳಿಸಿತು. ಬೈಂಡರ್ ಗೋಂದು, ಕಾಗದದ ಚೂರು ಸುರಿಯುವ ಹಿತ್ತಲಿನ ಕಸದ ಡ್ರಮ್ಮಿಗೆ ಸೊಂಟದವರೆಗೂ ಇಳಿದ. ಮೈಯೆಲ್ಲ ಗೋಂದು, ತಲೆಯೆಲ್ಲ ಕಾಗದದ ಚೂರು ಮಾಡಿಕೊಂಡು ಗೇಟಿನ ಬಳಿ ಬಂದರೆ, ಅಲ್ಲಿ ಹನ್ನೊಂದು ಮಂದಿ ಓದುಗರು ಚಿಮಣಿಗಾಗಿ ತಲೆ ಬಾಗಿಸಿ ಮೌನವಾಗಿ ನಿಂತಿದ್ದರು. ದಾಟಿ ಹೋಗುವುದು ಮರ್ಯಾದೆಯಲ್ಲವೆಂದು ತಾನೂ ತಲೆ ಬಾಗಿಸಿದ. ಪಕ್ಕದ ಮುದುಕಿ ಅವನ ಅವತಾರ ನೋಡಿ ಕಣ್ಣೊರೆಸಿಕೊಂಡಳು. "ನಿನಗೆ ನಮಗಿಂತ ಜಾಸ್ತಿ ದುಃಖ ಆಗಿದೆ ಕಣಪ್ಪ."

ನಾಲ್ಕೂಮುಕ್ಕಾಲಿಗೆ ಅವನು ಕೈಚೆಲ್ಲಿ ತನ್ನ ಮೇಜಿಗೆ ಬಂದು ಎರಡು ಮೊಣಕೈ ಊರಿದ. ಮೇಜು ಅಲುಗಲಿಲ್ಲ. ಅವನು ಕೆಲಸಕ್ಕೆ ಸೇರಿದ ದಿನದಿಂದ ಕುಂಟುತ್ತಿದ್ದ ಮೇಜು ಈಗ ಬಂಡೆಯಂತೆ ನಿಂತಿತ್ತು! ಬಗ್ಗಿ ನೋಡಿದ. ಮೊನ್ನೆ ಟಪಾಲು ಬಿಡಿಸುವಾಗ ಲೇಖಕರ ಕಟ್ಟಿನ ತಳದಲ್ಲಿ ಕಂಡ ನಲ್ಲಿ ರಿಪೇರಿಯ ನೋಟಿಸನ್ನು ಬೆನ್ನು ನೋಡದೆ ರದ್ದಿಯೆಂದುಕೊಂಡು, ನಾಲ್ಕು ಮಡಿಕೆ ಮಾಡಿ ಮೇಜಿನ ಕಾಲಡಿಗೆ ಕೊಟ್ಟವನು ಅವನೇ.

ಹಾಳೆ ಎಳೆದುಕೊಂಡು ಓಡಿದ. ಬದುಕಿನಲ್ಲಿ ಮೊದಲ ಸಲ, ಬರಹವೊಂದನ್ನು ಓದದೆ ಇನ್ನೊಬ್ಬರ ಕೈಗೆ ಕೊಟ್ಟ.

ಸಂಪಾದಕರು ಗಟ್ಟಿಯಾಗಿ ಓದಿದರು. "'ಅದರ ಹಿಂದೆಯೇ ಮೂರು ಗ್ರಹಗಳೂ ಹೆಪ್ಪುಗಟ್ಟಿದವು. ಯಾರೂ ಉಳಿಯಲಿಲ್ಲ. ಮುಗಿಯಿತು.'"

ಹೊರಗೆ ಓದುಗರ ಫೋನು ಹೊಡೆದುಕೊಳ್ಳುತ್ತಲೇ ಇತ್ತು. ಸಂಪಾದಕರು ಹಾಳೆಯನ್ನು ಮೆಲ್ಲಗೆ ಡ್ರಾಯರಿಗೆ ಹಾಕಿ ಬೀಗ ತಿರುಗಿಸಿದರು.

"ಈ ಹಾಳೆ ಸಿಗಲಿಲ್ಲ."

"ಸಾರ್, ಈಗಷ್ಟೇ... ಕೊಟ್ಟೆನಲ್ಲ?"

"ಸಿಗಲಿಲ್ಲ ಕಣ್ರೀ. ಇದು ಅಚ್ಚಾದರೆ ಧಾರಾವಾಹಿ ಮುಗೀತು, ಪತ್ರಿಕೇನೂ ಮುಗೀತು. ಕಳೆದುಹೋಗಿದೆ ಅಂದ್ರೆ ಮಾತ್ರ ಲೇಖಕರ ಕೈಲಿ ಬೇರೆ ಬರೆಸಬಹುದು, ಚಿಮಣೀನ ಹೊತ್ತಿಸಬಹುದು." ಸಂಪಾದಕರು ಕನ್ನಡಕ ತೆಗೆದು ಒರೆಸಿದರು. ನಿಜವಾಗಿಯೂ ನೊಂದಿದ್ದರು. "ಆದರೆ ಹಾಳೆ ಕಳೆದವನನ್ನು ಇಟ್ಕೊಂಡಿದ್ರೆ ಲೇಖಕರು ನಂಬ್ತಾರಾ, ನೀವೇ ಹೇಳಿ?"

ಸಂಜೆ ಮನೆಯ ಮೆಟ್ಟಿಲಲ್ಲೇ ದರ್ಜಿ ಅಡ್ಡಗಟ್ಟಿದ. ಮೇಲೆ ಅತ್ತೆ ಬಾಗಿಲು ಹಿಡಿದು ನಿಂತಿದ್ದರು.

"ಹಾಳೆ, ಸಿಗಲಿಲ್ಲ," ಎಂದ ಅಲ್ಪವಿರಾಮ. "ಲೇಖಕರ ಕೈಲಿ ಬೇರೆ ಬರೆಸ್ತಾರಂತೆ. ಚಿಮಣಿ ಉರಿಯುತ್ತೆ."

ದರ್ಜಿ ಅವನನ್ನು ತಬ್ಬಿಕೊಂಡ, ಗೋಂದಿಗೆ ಅಂಟಿಕೊಂಡ, ಬಿಡಿಸಿಕೊಂಡ. "ಮತ್ತೆ ಆ ಕಳೆದ ಮಹಾನುಭಾವ?"

"ಅವನನ್ನ... ಕೆಲಸದಿಂದ ತೆಗೆದರು."

"ಹೊಟ್ಟೆ ತಣ್ಣಗಾಯ್ತು!" ಅತ್ತೆ ಅಂದಿನ ಮೊದಲ ತುತ್ತಿಗೆ ತಟ್ಟೆ ಎಳೆದುಕೊಂಡರು. ಅಳಿಯನಿಗೂ ಒಂದು ತಟ್ಟೆ ಹಾಕಿ, ತಮ್ಮ ಕೈಯಾರೆ ತುಂಬ ಬಡಿಸಿದರು. "ತಿನ್ನಿ, ತಿಂದು ಬೇಗ ಮಲಗಿ ಅಳಿಯಂದಿರೇ. ನಾಳೆಯಿಂದ ಅವನ ಕೆಲಸಾನೂ ನಿಮ್ಮ ತಲೆ ಮೇಲೇ ಬೀಳುತ್ತೆ."