ನಾಲ್ಕು ಚೌಕಗಳಲ್ಲಿ ಕಥೆ ಬರೆದವನ ಪಾಡು

ಚಿತ್ರ ಬರೆಯುವವನಿಗೆ ಪಜೀತಿಗಳು ತಪ್ಪುವುದಿಲ್ಲ. ಒಂದನ್ನು ಸರಿಪಡಿಸಿದರೆ, ಆ ಸರಿಪಡಿಸಿದ್ದರಿಂದಲೇ ಇನ್ನೊಂದು ಹುಟ್ಟುತ್ತದೆ. ನಾನು ಬಿ.ಎಸ್ಸಿ. ಮಾಡಿದವನು. ಪ್ರತಿಯೊಂದಕ್ಕೂ ಕಾರಣ ಹುಡುಕುವುದು ಅಭ್ಯಾಸ. ಕಾರಣಗಳು ಸಿಕ್ಕಿವೆ. ಪ್ರಯೋಜನವೇನೂ ಆಗಿಲ್ಲ.

ನೌಕರಿ ಹೈದರಾಬಾದ್ ಸಂಸ್ಥಾನದ ಸರ್ಕಾರಿ ಶಾಲೆಯಲ್ಲಿ, ವಿಜ್ಞಾನ ಕಲಿಸುವುದು. ಯಾವ ಊರೆಂದು ಹೇಳುವುದಿಲ್ಲ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಈ ನಾಲ್ಕರಲ್ಲಿ ಒಂದು. ಅಲ್ಲಿ ಇನ್ನೂ ಸಂಬಳ ತೆಗೆದುಕೊಳ್ಳುತ್ತಿದ್ದೇನೆ. ಈ ಪ್ರಸಂಗಗಳು ನಡೆಯುವಾಗ ನೌಕರಿ ಕಾಯಂ ಆಗಿರಲಿಲ್ಲ. ಕಾಯಂ ಆಗುವ ತನಕ ಮಗಳನ್ನು ಕೊಡುವುದಿಲ್ಲ ಎಂದು ನನ್ನ ಸೋದರಮಾವ ಹೇಳಿಬಿಟ್ಟಿದ್ದರು.

"ಚಿತ್ರಾ ತೆಗಿ, ಬ್ಯಾಡ ಅನ್ನಂಗಿಲ್ಲ. ಮೊದಲ ಕಾಯಂ ಹುಕುಂ ತೋರ್ಸು, ಆಮ್ಯಾಲ ಹುಡುಗೀನ ಕರಕೊಂಡು ಹೋಗು."

ಹುಡುಗಿಯ ಮನಸ್ಸು ನನ್ನ ಕಡೆಗಿದೆ ಎಂದು ನಂಬಿದ್ದೆ. ಪುರಾವೆ ಇರಲಿಲ್ಲ. ನನ್ನದು ಅವಳ ಕಡೆಗಿತ್ತು. ಅದಕ್ಕೆ ಪುರಾವೆ ಬೇಕಿರಲಿಲ್ಲ.

ಬೂಚಿನ ಪೆಟ್ಟಿಗೆ

ಹೈದರಾಬಾದಿನಲ್ಲಿ ಓದುವಾಗ ನಮ್ಮ ಪ್ರಯೋಗಶಾಲೆಗೆ ಬಾಟಲಿಯ ಬೂಚುಗಳ ಒಂದು ಪೆಟ್ಟಿಗೆ ಬಂತು. ಸಂದಿಯಲ್ಲಿ ತುರುಕಿದ್ದ ರದ್ದಿಯಲ್ಲಿ ಮಕ್ಕಳ ಪತ್ರಿಕೆಯ ಹಾಳೆಯೊಂದಿತ್ತು. ಸಾಲಾಗಿ ನಾಲ್ಕು ಚೌಕ, ಚೌಕಕ್ಕೊಂದು ಚಿತ್ರ. ಡೊಳ್ಳು ಹೊಟ್ಟೆಯವನೊಬ್ಬ ಕತ್ತೆ ಹತ್ತುತ್ತಾನೆ. ಕತ್ತೆ ಕುಸಿದು ಕೂಡುತ್ತದೆ. ಅವನು ಇಳಿದು ಎಬ್ಬಿಸಲು ನೋಡುತ್ತಾನೆ. ಕೊನೆಗೆ ಕತ್ತೆ ಅವನ ಬೆನ್ನ ಮೇಲೆ. ಭಾಷೆ ತಿಳಿಯದಿದ್ದರೂ ನಕ್ಕೆ. ಪ್ರೊಫೆಸರು ನೋಡಿ, ಇದು ಸ್ಪೇನಿನ ಭಾಷೆ, ಬೂಚು ಬರುವುದೂ ಅಲ್ಲಿಂದಲೇ ಎಂದರು. ಮೂಲೆಯಲ್ಲಿ ಚಿತ್ರಕಾರನ ಸಹಿ ಇತ್ತು. ಎಣ್ಣೆ ಹತ್ತಿ ಹೆಸರು ಓದಲು ಬರುತ್ತಿರಲಿಲ್ಲ.

ಆ ಮನುಷ್ಯನ ಬಗ್ಗೆ ನಾನು ಬಹಳ ಸಲ ಯೋಚಿಸಿದ್ದೇನೆ. ಎಷ್ಟು ವರ್ಷ ಬರೆದನೋ, ಅವರ ದೇಶದಲ್ಲಿ ಯುದ್ಧವಾದಾಗ ಏನಾದನೋ. ಅವನ ಕೆಲಸವಾದರೂ ಕಾಯಂ ಇತ್ತೋ ಇಲ್ಲವೋ.

ಊರಿಗೆ ಬಂದ ಮೇಲೆ ನಾನೂ ಅದೇ ರೀತಿ ನಾಲ್ಕು ಚೌಕದ ಕಥೆ ಬರೆದು ಗದಗಿನ ಒಂದು ವಾರಪತ್ರಿಕೆಗೆ ಕಳಿಸಿದೆ. ಸಂಪಾದಕರಿಗೆ ಹಿಡಿಸಿತು. ಒಂದೇ ಆಕ್ಷೇಪ. ನನಗೆ ಎತ್ತನ್ನು ಪಕ್ಕದಿಂದ ಬರೆಯಲು ಬರುವುದಿಲ್ಲ. ಕಾಲುಗಳು ಹೇಗೋ ಐದಾಗುತ್ತವೆ. ಆದ್ದರಿಂದ ಯಾವಾಗಲೂ ಎದುರಿನಿಂದ ಬರೆಯುತ್ತೇನೆ.

"ನಿಮ್ಮ ಎತ್ತು ಯಾವಾಗ ನೋಡಿದ್ರೂ ನನ್ನ ಮಾರೀನ ಯಾಕ ನೋಡತಾವ್ರಿ?" ಎಂದರು ಸಂಪಾದಕರು, ನಾನು ಗದಗಿಗೆ ಹೋದಾಗ.

"ಪಕ್ಕಕ್ಕ ತಿರಗಾಕ ಬರಾಂಗಿಲ್ರಿ."

"ಯಾರಿಗೆ? ಎತ್ತಿಗೋ, ನಿಮಗೋ?"

ನಾಲ್ಕು ಮಂದಿ

ನಮ್ಮೂರು ನವಲಿ. ಶುಕ್ರವಾರ ಶಾಲೆಗೆ ಸೂಟಿ, ಗುರುವಾರ ಸಂಜೆಯೇ ಊರಿಗೆ ಹೋಗುತ್ತಿದ್ದೆ. ಅವ್ವ ನನ್ನ ಚಿತ್ರ ಬಂದ ಪತ್ರಿಕೆಯನ್ನು ಓಣಿಯವರಿಗೆಲ್ಲ ತೋರಿಸುತ್ತಿದ್ದಳು. ಎದುರು ಮನೆಯ ಅಜ್ಜಿ ಬಹಳ ಹೊತ್ತು ನೋಡಿದರು.

"ನಾಕೂ ಒಂದ ತಾಯಿ ಮಕ್ಕಳು ಕಾಣ್ತಾರ. ಮೂಗು ನೋಡವ್ವಾ, ಒಂದ ಅಚ್ಚಿನಾಗ ತಗದಂಗೈತಿ."

"ನಾಕು ಮಂದಿ ಅಲ್ಲಬೇ ಅಜ್ಜಿ, ಒಬ್ಬಾಂವ," ಎಂದೆ.

"ಒಬ್ಬಾಂವ ನಾಕ ಕಡೆ ಹೆಂಗ ನಿಂತಾನ?"

"ಬ್ಯಾರೆ ಬ್ಯಾರೆ ಹೊತ್ತಿನಾಗ."

"ಹೊತ್ತು ಹೋತು. ಮೊದಲನೇ ಚೌಕದಾಂವ ಇನ್ನೂ ಅಲ್ಲೇ ಅದಾನಲ್ಲೋ ಯಪ್ಪಾ!"

ಈ ಪ್ರಶ್ನೆಗೆ ಭೌತಶಾಸ್ತ್ರದಲ್ಲಿ ಉತ್ತರ ಇರಬಹುದು. ನನಗೆ ತಿಳಿದಿರಲಿಲ್ಲ. ಮುಂದಿನ ಸಲ ಚೌಕಗಳಿಗೆ ಒಂದು, ಎರಡು, ಮೂರು, ನಾಲ್ಕು ಎಂದು ಅಂಕಿ ಹಾಕಿದೆ. ಆಗ ಜನಗಣತಿಯವರು ಊರ ಗೋಡೆಗಳ ಮೇಲೆ ಕೆಂಪು ಜಾಜಿನಲ್ಲಿ ನಂಬರು ಬರೆದು ಹೋಗಿದ್ದರು. ಅಜ್ಜಿ ಚಿತ್ರ ನೋಡಿದರು, ಮೊಮ್ಮಗನಿಂದ ಅಂಕಿ ಓದಿಸಿದರು, ಮುಖ ಅರಳಿತು.

"ಈಗ ತಿಳೀತು ನೋಡು. ಇವು ಮನಿ ನಂಬರ್. ಅಣ್ಣತಮ್ಮರು ಬ್ಯಾರೆ ಆಗ್ಯಾರ!"

ಅಂಕಿ ಬಿಟ್ಟುಬಿಟ್ಟೆ.

ಬಾಯಲ್ಲಿ ಹತ್ತಿ

ಸ್ಪೇನಿನ ಹಾಳೆಯಲ್ಲಿ ಪಾತ್ರಗಳ ಬಾಯಿಯಿಂದ ಮೋಡದಂಥ ಗೆರೆ ಹೊರಟು, ಅದರೊಳಗೆ ಮಾತು ಇತ್ತು. ನಾನೂ ಹಾಗೇ ಮಾಡಿದೆ. ಒಂದು ದಿನ ಕುಷ್ಟಗಿಗೆ ಹೋಗುವ ಮೋಟಾರಿನಲ್ಲಿ ಪಕ್ಕದಲ್ಲಿ ಹತ್ತಿ ವ್ಯಾಪಾರಿಯೊಬ್ಬರು ಕೂತಿದ್ದರು. ನನ್ನ ಕೈಯಲ್ಲಿದ್ದ ಪತ್ರಿಕೆ ಇಸಿದುಕೊಂಡು ಕಣ್ಣಿನ ಹತ್ತಿರ ಹಿಡಿದರು.

"ಇವನ ಬಾಯಾಗಿಂದ ಹತ್ತಿ ಹೊಂಟೈತಲ್ರಿ?"

ಅದು ಮಾತು ಎಂದು ನಾನು ಹೇಳಲಿಲ್ಲ. ಇನ್ನೂ ಬಹಳ ದೂರ ಹೋಗುವುದಿತ್ತು. ಅವರು ಬೆರಳಿನಿಂದ ಆ ಮೋಡವನ್ನು ಸವರಿ, ಒಳಗಿದ್ದ ನನ್ನ ಅಕ್ಷರಗಳನ್ನು ತೋರಿಸಿ, ಪತ್ರಿಕೆ ವಾಪಸು ಕೊಟ್ಟರು.

"ಮಾಲು ಛಲೋ ಐತ್ರಿ. ಒಳಗ ಕಸ ಭಾಳ."

ಅಂದಿನಿಂದ ನನ್ನ ಕಥೆಗಳಲ್ಲಿ ಮಾತೂ ಇಲ್ಲ.

ಆಚಾರ್ಯರ ಜನಿವಾರ

ಆಗ ಎರಡನೇ ಮಹಾಯುದ್ಧದ ಕಾಲ. ಚಿತ್ರ ಅಚ್ಚು ಮಾಡುವ ಸತುವಿನ ತಗಡು ಸಿಗುತ್ತಿರಲಿಲ್ಲ. ಗೊಂಬೆ ಕೆತ್ತುವ ಕಿನ್ನಾಳದವರಿಂದ ಚೌಕಕ್ಕೊಂದರಂತೆ ಕಟ್ಟಿಗೆಯ ಅಚ್ಚು ಮಾಡಿಸಿ ಕಳಿಸಿ ಎಂದು ಸಂಪಾದಕರು ಬರೆದರು. ಮಾಡಿಸಿದೆ. ಕೆತ್ತಿದವರು ನಾನು ಬರೆದದ್ದನ್ನು ಕೂದಲೆಳೆ ತಪ್ಪದೆ ಕೆತ್ತಿದ್ದರು. ತಿರುವಿ ಕೆತ್ತಬೇಕು ಎಂದು ನಾನು ಹೇಳಿರಲಿಲ್ಲ. ಅಚ್ಚಾಗಿ ಬಂದಾಗ ಪ್ರತಿ ಚೌಕದಲ್ಲೂ ಎಡಗಡೆಯದು ಬಲಗಡೆಗೆ ಹೋಗಿತ್ತು. ಪರೀಕ್ಷೆಯಲ್ಲಿ ಕನ್ನಡಿಯ ಪ್ರಶ್ನೆಗೆ ನನಗೆ ಪೂರ್ತಿ ಅಂಕ ಬಂದಿದ್ದವು.

ಆ ವಾರದ ಕಥೆ ಮದುವೆ ಊಟದ್ದು. ನಮ್ಮ ಓಣಿಯ ಆಚಾರ್ಯರು ಪತ್ರಿಕೆ ಹಿಡಿದು ಬಂದರು.

"ಮದುವಿ ಊಟಕ್ಕ ಕೂತಾಂವನ ಜನಿವಾರ ಬಲ ಹೆಗಲ ಮ್ಯಾಲೆ ಐತಿ. ಅದು ಶ್ರಾದ್ಧಕ್ಕ ಹಾಕ್ಕೊಳ್ಳೋದು. ಯಾರು ಸತ್ತಾರ ಹೇಳ್ರಿ. ವರನ ಕಡೆಯವರೋ, ಕನ್ಯಾ ಕಡೆಯವರೋ?"

"ಯಾರೂ ಸತ್ತಿಲ್ರಿ. ಕನ್ನಡಿಯಾಗ ನೋಡ್ರಿ, ಸರಿ ಕಾಣತೈತಿ."

ಆಚಾರ್ಯರು ನೇರವಾಗಿ ಕ್ಷೌರದಂಗಡಿಗೆ ಹೋಗಿ ಪತ್ರಿಕೆಯನ್ನು ಕನ್ನಡಿಗೆ ಹಿಡಿದು ನೋಡಿ ಸಮಾಧಾನಪಟ್ಟರು. ಮುಂದೆ ಅಚ್ಚು ಸರಿಯಾಯಿತು. ಆಚಾರ್ಯರು ಮಾತ್ರ ಈಗಲೂ ಪತ್ರಿಕೆಯನ್ನು ಆ ಕನ್ನಡಿಯಲ್ಲೇ ನೋಡುತ್ತಾರೆ. ಅಕ್ಷರಗಳೆಲ್ಲ ತಿರುವುಮುರುವಾಗಿ ಅಚ್ಚಾಗುತ್ತಿವೆ ಎಂದು ಸಂಪಾದಕರಿಗೆ ಕಾಗದ ಬರೆದಿದ್ದಾರಂತೆ.

ಕೂಡಿ ಬಂದ ಗಡಿಗೆ

ನಮ್ಮ ಶಾಲೆಯಲ್ಲಿ ಪಾಠವೆಲ್ಲ ಉರ್ದುವಿನಲ್ಲಿ. ಹುಡುಗರು ಮನೆಯಲ್ಲಿ ಕನ್ನಡ ಆಡುತ್ತಾರೆ, ಶಾಲೆಯಲ್ಲಿ ಉರ್ದು ಓದುತ್ತಾರೆ. ಉರ್ದು ಬಲದಿಂದ ಎಡಕ್ಕೆ ಹೋಗುವ ಬರಹ. ಇದು ನನಗೆ ಗೊತ್ತೇ ಇತ್ತು. ಗೊತ್ತಿರುವುದಕ್ಕೂ ಹೊಳೆಯುವುದಕ್ಕೂ ವ್ಯತ್ಯಾಸವಿದೆ.

ಒಂದು ದಿನ ಪಾಠ ಮುಗಿದು ಸಮಯ ಉಳಿಯಿತು. ಹೊಸ ಕಥೆಯನ್ನು ಹುಡುಗರಿಗೆ ತೋರಿಸಿದೆ. ಒಬ್ಬ ಮೊಸರಿನ ಗಡಿಗೆ ಹೊತ್ತು ಬರುತ್ತಾನೆ, ಜಾರುತ್ತಾನೆ, ಗಡಿಗೆ ಒಡೆಯುತ್ತದೆ, ಅಳುತ್ತಾ ಕೂಡುತ್ತಾನೆ. ಯಾರೂ ನಗಲಿಲ್ಲ. ಎಲ್ಲರ ಮುಖದಲ್ಲೂ ಭಕ್ತಿ ಕಂಡಿತು.

"ಭಾಳ ಛಲೋ ಕಥಿರೀ ಮಾಸ್ತರ್ರ," ಎಂದ ಮುಂದಿನ ಸಾಲಿನವನು. "ಮದ್ಲ ಅಳಾಕತ್ತಿದ್ದ. ಒಡದ ಗಡಿಗಿ ತಾನ ಕೂಡಿ ಬಂತು. ಎದ್ದು ಮನಿಗೆ ಹೋದ."

ಬಲಗಡೆಯಿಂದ ಓದಿದ್ದರು. ನಾನು ಸೀಮೆಸುಣ್ಣ ತೆಗೆದುಕೊಂಡು, ಒಡೆದ ಗಡಿಗೆ ತಾನಾಗಿ ಕೂಡುವುದು ಪ್ರಕೃತಿಯ ನಿಯಮಕ್ಕೆ ವಿರುದ್ಧ ಎಂದು ಪೂರ್ತಿ ವಿವರಿಸಿದೆ. ಹುಡುಗರು ಶ್ರದ್ಧೆಯಿಂದ ಕೇಳಿದರು.

"ಹೌದ್ರಿ ಮಾಸ್ತರ್ರ," ಎಂದ ಅವನು. "ಅದಕ್ಕ ಅಂವ ಮದ್ಲ ಅತ್ತಾನ. ಅಳದ ಇದ್ರ ದೇವರು ಕೂಡಸ್ತಿದ್ದಿಲ್ಲ."

ತಹಸೀಲ್ದಾರರ ಬೆರಳು

ಆ ವರ್ಷ ಸರ್ಕಾರ ರೈತರಿಂದ ಲೆವಿಯೆಂದು ಕಡ್ಡಾಯವಾಗಿ ಧಾನ್ಯ ವಸೂಲು ಮಾಡುತ್ತಿತ್ತು. ಹಳ್ಳಿ ಹಳ್ಳಿ ತಿರುಗಿ ಚೀಲ ಹೇರಿಸುವವರು ಕಂದಾಯದ ಗಿರ್ದಾವರರು. ಒಂದು ಶುಕ್ರವಾರ ಊರಿಗೆ ಹೋದಾಗ ಅವ್ವ ಬರಿದಾದ ಕೋಣೆ ತೋರಿಸಿ ಅಂದಳು: "ಹೇರಿಕೊಂಡು ಹೋದ್ರು ನೋಡಪಾ. ನಿನ್ನೆ ಇಲಿನೂ ಗಂಟು ಕಟ್ಟಿತು."

ಅದನ್ನು ಬರೆಯದಿರಲು ಆಗಲಿಲ್ಲ. ಮೊದಲನೇ ಚೌಕ: ಚೀಲ ತುಂಬಿದ ಮನೆ, ನಗುವ ರೈತ. ಎರಡನೆಯದು: ಬಾಗಿಲಲ್ಲಿ ಗಿರ್ದಾವರರು ಕೈ ಎತ್ತಿ ನಿಂತಿದ್ದಾರೆ. ಮೂರನೆಯದು: ಚೀಲ ಹೇರಿದ ಬಂಡಿ. ನಾಲ್ಕನೆಯದು: ಬರಿದಾದ ಮನೆ, ತಲೆ ಮೇಲೆ ಕೈ ಹೊತ್ತ ರೈತ, ಗಂಟು ಹೊತ್ತ ಇಲಿ. ಅಂಕಿ ಇಲ್ಲ, ಮಾತಿಲ್ಲ. ನನ್ನ ಹೆಸರೂ ಬೇಡ ಎಂದು ಸಂಪಾದಕರಿಗೆ ಬರೆದೆ. ಅವರು ಹಾಕಲಿಲ್ಲ. ಆದರೂ ಪತ್ರಿಕೆ ಬಂದ ದಿನವೇ ಊರಿಗೆಲ್ಲ ಗೊತ್ತಾಯಿತು. ಬಂಡಿಯ ಎತ್ತುಗಳು ಓದುವವರ ಮುಖವನ್ನೇ ನೋಡುತ್ತಿದ್ದವು.

ಮೂರನೆಯ ದಿನ ಕಚೇರಿಯ ಜವಾನ ಶಾಲೆಗೆ ಬಂದ. ತಹಸೀಲ್ದಾರರು ಕರೆದಿದ್ದಾರೆ. ನನ್ನ ಕಾಯಂ ಕಾಗದ ಅವರ ಅಭಿಪ್ರಾಯಕ್ಕಾಗಿ ಅವರ ಮೇಜಿನ ಮೇಲೆಯೇ ಇತ್ತು. ಹೆಡ್ ಮಾಸ್ತರರು ನನ್ನ ಕೈ ಹಿಡಿದುಕೊಂಡರು.

"ಹೋಗಿ ಬರ್ರಿ ಅನ್ನಬೇಕು. ಅಂತೀನಿ. ಪ್ರಯೋಗಶಾಲೆಯ ಬೀಗದ ಕೈ ಮಾತ್ರ ಕೊಟ್ಟು ಹೋಗ್ರಿ."

ಕಚೇರಿಯಲ್ಲಿ ಪತ್ರಿಕೆ ತಹಸೀಲ್ದಾರರ ಮುಂದೆ ಬಿಚ್ಚಿತ್ತು. ಪಕ್ಕದಲ್ಲಿ ಗಿರ್ದಾವರರು ನಿಂತಿದ್ದರು. ಅವರು ನಮ್ಮ ಕಡೆಯವರೇ, ಕನ್ನಡ ಬಲ್ಲವರು. ಹಣೆಯ ಮೇಲೆ ಬೆವರಿತ್ತು. ತಹಸೀಲ್ದಾರರು ಹೈದರಾಬಾದಿನವರು, ಕನ್ನಡ ಅಷ್ಟಿಷ್ಟು ಆಡುತ್ತಿದ್ದರು, ಓದಿದ್ದೆಲ್ಲ ಉರ್ದು.

"ಯೇ ಆಪ್ ಬನಾಯೆ?"

"ಹೌದ್ರಿ."

ಮಾವನ ಮುಖ ಕಣ್ಣ ಮುಂದೆ ಬಂತು. ಅವರ ಮಗಳ ಮುಖ ಬರಲು ಧೈರ್ಯ ಮಾಡಲಿಲ್ಲ.

ತಹಸೀಲ್ದಾರರು ಬೆರಳು ಇಟ್ಟರು. ಬಲಗಡೆಯ ಚೌಕದ ಮೇಲೆ.

"ಮೊದಲು ಖಾಲಿ ಮನೆ. ರೈತ ಅಳ್ತಾನೆ. ಇಲಿ ಕೂಡ ಊರು ಬಿಡ್ತದೆ." ಬೆರಳು ಎಡಕ್ಕೆ ಸರಿಯಿತು. "ಆಮೇಲೆ ಸರ್ಕಾರದ ಬಂಡಿ. ಚೀಲ, ಚೀಲ, ಚೀಲ!" ಮತ್ತೆ ಸರಿಯಿತು. "ನಮ್ಮ ಗಿರ್ದಾವರ್ ಚೀಲ ಇಳಿಸಿ, ಸಲಾಂ ಮಾಡಿ ಹೋಗ್ತಾನೆ. ಆಖರಿ? ಮನೆ ಭರ್ತಿ! ರೈತ ನಗ್ತಾನೆ! ವಾಹ್ ಮಾಸ್ತರ್, ವಾಹ್!"

ನಾನು ಗಿರ್ದಾವರರನ್ನು ನೋಡಿದೆ. ಗಿರ್ದಾವರರು ನನ್ನನ್ನು ನೋಡಿದರು. ಅವರು ನಿಜ ಹೇಳಬೇಕೆಂದರೆ ಚೀಲ ಎಲ್ಲಿಗೆ ಹೋಯಿತೆಂಬುದನ್ನೂ ಹೇಳಬೇಕಾಗುತ್ತಿತ್ತು. ಇಬ್ಬರೂ ಹೌದೆಂದು ತಲೆಯಾಡಿಸಿದೆವು.

ತಹಸೀಲ್ದಾರರು ಮತ್ತೊಮ್ಮೆ ಬಗ್ಗಿ ನೋಡಿದರು. "ಲೇಕಿನ್ ಈ ಎತ್ತು ಯಾಕೆ ನನ್ನನ್ನೇ ನೋಡ್ತವೆ?"

ಉತ್ತರ ಗಿರ್ದಾವರರಿಂದ ಬಂತು.

"ಶುಕ್ರಿಯಾ ಹೇಳಾಕತ್ತಾವ್ರಿ, ಸಾಹೇಬ್ರ."

ಎತ್ತನ್ನು ಪಕ್ಕದಿಂದ ಬರೆಯಲು ಬಂದಿದ್ದರೆ ಬಂಡಿ ಯಾವ ಕಡೆಗೆ ಹೊರಟಿದೆ ಎಂದು ಗೊತ್ತಾಗಿಬಿಡುತ್ತಿತ್ತು. ಬಾರದ ವಿದ್ಯೆಯಿಂದ ನನಗೆ ಆದಷ್ಟು ಉಪಕಾರ ಬಂದ ವಿದ್ಯೆಯಿಂದ ಆಗಿಲ್ಲ.

ತಹಸೀಲ್ದಾರರು ಅಲ್ಲೇ ನನ್ನ ಕಾಗದದ ಮೇಲೆ ಒಳ್ಳೆಯ ಅಭಿಪ್ರಾಯ ಬರೆದರು. ಚಿತ್ರವನ್ನು ದೊಡ್ಡದಾಗಿ ಅಚ್ಚು ಹಾಕಿಸಿ, ಮೇಲೆ ಉರ್ದುವಿನಲ್ಲಿ 'ಸರ್ಕಾರದ ದಯೆ' ಎಂದು ಬರೆಸಿ, ಎಲ್ಲ ಹಳ್ಳಿಗಳ ಚಾವಡಿಗೆ ಹಚ್ಚಿಸಿದರು. ಹಳ್ಳಿಯವರಿಗೆ ಉರ್ದು ಬಾರದು. ಅವರು ಎಡಗಡೆಯಿಂದ ನೋಡಿದರು. ಚಾವಡಿಗಳ ಮುಂದೆ ಗುಂಪು ಕೂಡಿತು. ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಾರೆ ಎಂದು ಪಟೇಲರು ವರದಿ ಕಳಿಸಿದರು. ರೈತರು ಇಷ್ಟು ಸಂತೋಷವಾಗಿರುವುದನ್ನು ತಾವು ಯಾವ ತಾಲ್ಲೂಕಿನಲ್ಲೂ ಕಂಡಿಲ್ಲ ಎಂದು ತಹಸೀಲ್ದಾರರು ಮೇಲಕ್ಕೆ ಬರೆದರು.

ಸ್ಪೇನಿನ ಆ ಚಿತ್ರಕಾರನಿಗೆ ಇದು ಆಗಿರಲಿಕ್ಕಿಲ್ಲ.

ಹುಕುಂ ಬಂತೆಂದು ಮಾವನಿಗೆ ಹೇಳಿ ಕಳಿಸಿದೆ. ಅವರು ಬರುವ ದಾರಿಯಲ್ಲಿ ಒಂದು ಚಾವಡಿ ಇತ್ತು. ಮನೆಯೊಳಗೆ ಬಂದು, ನೀರು ಸಹ ಕುಡಿಯದೆ ಕೇಳಿದರು.

"ಆ ಇಲಿ ಚಿತ್ರಾ ನಿಂದ ಏನು?"

"ಹೌದು, ಮಾವ."

"ಹಚ್ಚಿಸಿದಾವ್ರು ಯಾರು?"

"ತಹಸೀಲ್ದಾರರು."

"ಅವರಿಗೆ ಕಣ್ಣು ಕಾಣಂಗಿಲ್ಲೇನು?"

"ಕಾಣತಾವ. ಬಲಗಡಿಂದ ಕಾಣತಾವ."

ಪತ್ರಿಕೆ ತಂದು ಎರಡೂ ಕಡೆಯಿಂದ ಓದಿ ತೋರಿಸಿದೆ. ಮಾವ ತಮ್ಮ ಬೆರಳನ್ನೂ ಬಲದಿಂದ ಎಡಕ್ಕೆ ಒಮ್ಮೆ, ಎಡದಿಂದ ಬಲಕ್ಕೆ ಒಮ್ಮೆ ಎಳೆದು ನೋಡಿದರು. ನಗಲಿಲ್ಲ. ಹುಕುಂ ಕೇಳಿದರು. ಕೊಟ್ಟೆ. ಅದು ಉರ್ದುವಿನಲ್ಲಿತ್ತು. ಮೊಹರನ್ನು ಮುಟ್ಟಿ ನೋಡಿದರು, ಕಾಗದವನ್ನು ಬೆಳಕಿಗೆ ಹಿಡಿದರು. ಆಮೇಲೆ ದನಿ ತಗ್ಗಿಸಿದರು.

"ಹುಡುಗೀನ ಕೊಡತೀನಿ, ಮಾತಿಗೆ ತಪ್ಪಂಗಿಲ್ಲ. ಖರೇ ಹೇಳು ಅಳಿಯಾ. ಈ ಹುಕುಂ ಎಡಗಡಿಂದ ಓದಿದ್ರ, ನೌಕರಿಯಿಂದ ತಗದೀವಿ ಅಂತ ಆಗಂಗಿಲ್ಲಲ್ಲ?"

ಆಗುವುದಿಲ್ಲ ಎಂದೆ. ಅವರು ಹೋದ ಮೇಲೆ ಬಾಗಿಲು ಹಾಕಿಕೊಂಡು ಎಡಗಡೆಯಿಂದ ಒಂದು ಸಲ ಓದಿ ನೋಡಿದೆ.