ಗಜಕ್ಕೆ ಹತ್ತು ದೋಷ

1974ನೇ ಸಾಲಿನ ಜೂನಿಯರ್ ಕಬಡ್ಡಿ ಚಾಂಪಿಯನ್‌ಶಿಪ್ಪಿನಲ್ಲಿ ಜಮಖಂಡಿ, ಮುಧೋಳ, ಬೀಳಗಿ ಮತ್ತು ಬನಹಟ್ಟಿಯ ನಾಲ್ಕು ತಂಡಗಳು ಭಾಗವಹಿಸಿದವು, ನಾಲ್ಕು ಪಂದ್ಯಗಳು ನಡೆದವು ಮತ್ತು ಮೂವತ್ತೊಂದು ತಕರಾರು ಅರ್ಜಿಗಳು ಬಂದವು. ಕಬಡ್ಡಿಗಿಂತ ಅರ್ಜಿಗಳ ಆಟವೇ ಚುರುಕಾಗಿತ್ತು ಎಂಬುದನ್ನು ಸಮಿತಿಯ ಕಾರಕೂನನಾದ ನಾನು ಕಡತ ನೋಡಿಯೇ ಹೇಳುತ್ತಿದ್ದೇನೆ.

ಜೂನಿಯರ್ ಎಂದರೆ ವಯಸ್ಸಲ್ಲ, ದರ್ಜೆ. ಸೀನಿಯರ್ ಪಂದ್ಯ ಆಡದವರೆಲ್ಲ ಜೂನಿಯರ್. ಜಮಖಂಡಿ ತಂಡದ ನಾಯಕ ಮುರಗೆಪ್ಪನಿಗೆ ಮೂವತ್ತೆಂಟು ವರ್ಷ, ಹೊಟ್ಟೆ ಅವನಿಗಿಂತ ಒಂದು ಹೆಜ್ಜೆ ಮುಂದೆ ಅಂಕಣ ಸೇರುತ್ತಿತ್ತು. ಅವನು ನಮ್ಮ ಅಧ್ಯಕ್ಷರಾದ ಗಿರಮಲ್ಲಪ್ಪನವರ ಅಳಿಯ ಎಂಬುದಕ್ಕೂ ಅವನ ನಾಯಕತ್ವಕ್ಕೂ ಸಂಬಂಧವಿಲ್ಲ. ಹಾಗೆಂದು ಠರಾವು ಪಾಸು ಮಾಡಲಾಗಿದೆ.

ಗಿರಮಲ್ಲಪ್ಪನವರದು ನಲವತ್ತು ವಿದ್ಯುತ್ ಮಗ್ಗಗಳ ಕಾರಖಾನೆ. ಆದ್ದರಿಂದ ಕೈಮಗ್ಗದ ಮೇಲೆ ಅವರಿಗೆ ಅಪಾರ ಪ್ರೀತಿ. ನಿಯಮ ಹದಿನಾಲ್ಕನ್ನು ಅವರೇ ಬರೆಸಿದರು: ‘ಆಟಗಾರರ ಚಡ್ಡಿಗಳು ಈ ಭಾಗದ ಶುದ್ಧ ಕೈಮಗ್ಗದ ಬಟ್ಟೆಯವೇ ಆಗಿರತಕ್ಕದ್ದು. ತಪ್ಪಿದಲ್ಲಿ ಗಳಿಸಿದ ಅಂಕಗಳು ಗಳಿಸಿಲ್ಲವೆಂದು ಭಾವಿಸತಕ್ಕದ್ದು.’

ಬನಹಟ್ಟಿ ತಂಡದ ಲಗಮಪ್ಪ ನೇಕಾರ. ಮನೆಯೊಳಗೆ ನೆಲದ ಕುಣಿಯಲ್ಲಿ ಕಾಲು ಇಳಿಬಿಟ್ಟು ನೇಯುವ ಕೈಮಗ್ಗ. ತಾಯಿ ತಾರವ್ವ ಕಂಡಿಕೆಗೆ ನೂಲು ಸುತ್ತಿಕೊಡುತ್ತಿದ್ದಳು. ಓಣಿಯಲ್ಲೆಲ್ಲ ವಿದ್ಯುತ್ ಮಗ್ಗ ಬಂದ ಮೇಲೆ ಇವರ ಸೀರೆ ಕೇಳುವವರಿರಲಿಲ್ಲ. ಸರಕಾರಿ ಖಾತೆಯೊಂದರಲ್ಲಿ ಆಟಗಾರರಿಗೆಂದೇ ಒಂದು ಜವಾನನ ನೌಕರಿ ಇತ್ತು. ಚಾಂಪಿಯನ್ ತಂಡದ ಪ್ರಮಾಣಪತ್ರ ಲಗತ್ತಿಸಿ ಜೂನ್ ಮೂವತ್ತರೊಳಗೆ ಅರ್ಜಿ ಹಾಕಬೇಕಿತ್ತು. ಲಗಮಪ್ಪ ಆ ವರ್ಷ ಉಸಿರು ಬಿಡದೆ ಕಬಡ್ಡಿ ಹೇಳಿದ್ದು ಅದಕ್ಕಾಗಿ. ತಂಡದ ಚಡ್ಡಿಗಳ ಬಟ್ಟೆಯನ್ನೂ ತಾನೇ ನೇಯ್ದ.

ಮೇ ತಿಂಗಳ ಫೈನಲ್‌ನಲ್ಲಿ ಬನಹಟ್ಟಿ ಜಮಖಂಡಿಯನ್ನು ಹತ್ತೊಂಬತ್ತು ಅಂಕಗಳಿಂದ ಸೋಲಿಸಿತು. ಮುರಗೆಪ್ಪ ಒಂದು ಸಲ ದಾಳಿಗೆ ಹೋದವನು ನಡುಗೆರೆಯ ಬಳಿಯೇ ಕುಳಿತು ನೀರು ಕೇಳಿದ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ನಮ್ಮಲ್ಲಿ ಆ ಡೊಂಕು ಅಳೆಯಲು ಸಮಿತಿಯೇ ಇದೆ. ಮರುದಿನ ಮುರಗೆಪ್ಪನ ಅರ್ಜಿ ಬಂತು: ಬನಹಟ್ಟಿಯವರ ಚಡ್ಡಿ ವಿದ್ಯುತ್ ಮಗ್ಗದ್ದು.

ತಪಾಸಣೆಗೆ ಬಸಗೊಂಡಪ್ಪನವರನ್ನು ನೇಮಿಸಲಾಯಿತು. ಅವರದು ಬೆಲ್ಲದ ವ್ಯಾಪಾರ. ಬಟ್ಟೆಯ ಬಗ್ಗೆ ಯಾವ ಪೂರ್ವಗ್ರಹವೂ ಇಲ್ಲದವರು ಬೇಕಾಗಿತ್ತು. ಅವರು ಎರಡೂ ತಂಡದ ಚಡ್ಡಿಗಳನ್ನು ಬಿಸಿಲಿಗೆ ಹಿಡಿದು, ಭೂತಗನ್ನಡಿಯಲ್ಲಿ ನೋಡಿ, ಬನಹಟ್ಟಿಯವರದನ್ನು ಎತ್ತಿ ತೋರಿಸಿ ಹೇಳಿದರು:

“ಇದರಾಗ ಒಂದ ಎಳಿನೂ ತಪ್ಪಿಲ್ಲ. ಮನಷ್ಯಾ ನೇಯ್ದಿದ್ದರ ಎಲ್ಲೆರೆ ತಪ್ಪತಿತ್ತು. ಇದು ಮಷೀನಿಂದ.”

“ನಾನ ನೇಯ್ದೇನ್ರಿ ಸಾವಕಾರ್ರ,” ಎಂದ ಲಗಮಪ್ಪ. “ಛಲೋ ನೇಯ್ದರ ತಪ್ಪು ಬರಂಗಿಲ್ರಿ. ಮನೀಗೆ ಬರ್ರಿ, ನಿಮ್ಮೆದರಿಗೇ ನೇಯ್ದು ತೋರಸ್ತೇನಿ.”

ಅಧ್ಯಕ್ಷರು ಗಂಭೀರವಾಗಿ ತಲೆಯಾಡಿಸಿದರು. “ನಿನ್ನ ಮಗ್ಗ ನಮ್ಮ ಸಮಿತಿ ಮೆಂಬರ್ ಅಲ್ಲಪಾ. ಅದರ ಸಾಕ್ಷಿ ಹೆಂಗ ತಗೊಳ್ಳೂದು?”

ಜಮಖಂಡಿಯ ಚಡ್ಡಿಗಳ ಬಟ್ಟೆ ಅಧ್ಯಕ್ಷರ ಕಾರಖಾನೆಯಲ್ಲಿ ಮಾರಾಟವಾಗದೆ ಉಳಿದ ಮಾಲು. ಅದರಲ್ಲಿ ಗಜಕ್ಕೆ ಇಪ್ಪತ್ಮೂರು ಕಡೆ ಎಳೆ ಕಡಿದಿತ್ತು. ಬಸಗೊಂಡಪ್ಪನವರು ಅದನ್ನು ಶುದ್ಧಾತಿಶುದ್ಧ ಕೈಮಗ್ಗವೆಂದು ಪ್ರಮಾಣೀಕರಿಸಿದರು. ಅಂದಿನಿಂದ ನಿಯಮ ಹದಿನಾಲ್ಕು (ಅ) ಜಾರಿಗೆ ಬಂತು: ‘ಕೈಮಗ್ಗದ ಬಟ್ಟೆಯಲ್ಲಿ ಗಜಕ್ಕೆ ಕನಿಷ್ಠ ಹತ್ತು ದೋಷಗಳಿರತಕ್ಕದ್ದು.’

ಫೈನಲ್ ರದ್ದಾಯಿತು. ಬನಹಟ್ಟಿ ತಂಡ ಹೊಸ ಬಟ್ಟೆ ಪಾಸು ಮಾಡಿಸಿಕೊಂಡ ಬಳಿಕ ಮತ್ತೆ ಆಡಿಸುವುದು, ಅಲ್ಲಿಯವರೆಗೆ ಜಮಖಂಡಿಯೇ ಹಂಗಾಮಿ ಚಾಂಪಿಯನ್ ಎಂದು ತೀರ್ಮಾನವಾಯಿತು.

ಲಗಮಪ್ಪ ಮಗ್ಗಕ್ಕೆ ಕುಳಿತ. ಮೂರು ದಿನ ಅವನಿಗೆ ಒಂದು ತಪ್ಪೂ ಮಾಡಲಾಗಲಿಲ್ಲ. ಎಳೆ ಕಡಿದರೆ ಮನಸ್ಸು ತಡೆಯುವ ಮೊದಲೇ ಬೆರಳು ಹೋಗಿ ಗಂಟು ಹಾಕುತ್ತಿತ್ತು. ನಾಲ್ಕನೆಯ ದಿನ ಹಲ್ಲು ಕಚ್ಚಿ ಗಜಕ್ಕೆ ಹತ್ತು ತಪ್ಪು ಮಾಡಿದ.

ತಾರವ್ವ ಕಂಡಿಕೆ ಕೆಳಗಿಟ್ಟಳು. “ಏನಲೇ ಇದು? ನಿಮ್ಮಪ್ಪ ಜ್ವರದಾಗೂ ಹಿಂಗ ನೇಯ್ದಾಂವ ಅಲ್ಲ.”

“ನೌಕರಿ ಬೇ, ಯವ್ವಾ. ಇದೊಂದ ಸಲ.”

ಅವನು ತಪ್ಪುಗಳನ್ನು ಅಳೆದು ಅಳೆದು ಸರಿಯಂತರದಲ್ಲಿ ಮಾಡಿದ್ದ. ಒಳ್ಳೆಯ ನೇಕಾರನ ಚಾಳಿ, ಮತ್ತೇನು? ಬಸಗೊಂಡಪ್ಪನವರು ಗೇಣು ಹಾಕಿ ನೋಡಿ, ಇಷ್ಟು ಸಮಾನ ಅಂತರದ ದೋಷ ಯಂತ್ರದಿಂದ ಮಾತ್ರ ಸಾಧ್ಯವೆಂದು ತಿರಸ್ಕರಿಸಿದರು. ಎರಡನೆಯ ಸಲ ತಂದ ಬಟ್ಟೆಯಲ್ಲಿ ದೋಷಗಳು ಒಂಬತ್ತಿದ್ದವು. ಅವನ ಕೈ ಒಂದನ್ನು ತಾನಾಗಿಯೇ ತಿದ್ದಿಬಿಟ್ಟಿತ್ತು. ಮೂರನೆಯದು ಪಾಸಾದದ್ದು ಆಗಸ್ಟ್ ಎರಡಕ್ಕೆ.

ಅಷ್ಟರಲ್ಲಿ ಜೂನ್ ಮೂವತ್ತು ಬಂದು ಹೋಗಿತ್ತು. ನೌಕರಿ ಮುರಗೆಪ್ಪನಿಗೆ ಸಿಕ್ಕಿತು. ಹಂಗಾಮಿ ಚಾಂಪಿಯನ್‌ನ ಪ್ರಮಾಣಪತ್ರ ಕಾಯಂ ನೌಕರಿಗೆ ಸಾಲುತ್ತದೆಂದು ಮೇಲಿನವರು ಒಪ್ಪಿದರು. ವಯಸ್ಸಿನ ಕಾಲಮ್ಮಿನಲ್ಲಿ ಅವನು ‘ಜೂನಿಯರ್’ ಎಂದು ಬರೆದಿದ್ದ. ಅದನ್ನೂ ಒಪ್ಪಿದರು. ಆ ಪ್ರಮಾಣಪತ್ರ ಬರೆದದ್ದು ನನ್ನ ಕೈ. ನನಗೆ ನಾಚಿಕೆಯಾಯಿತು, ಆದರೆ ನಾಚಿಕೆಯನ್ನು ದಾಖಲಿಸಲು ನಮ್ಮ ವಹಿಯಲ್ಲಿ ಕಾಲಮ್ಮಿಲ್ಲ.

ಆಗಸ್ಟಿನಲ್ಲಿ ಮತ್ತೆ ಫೈನಲ್ ನಡೆಯಿತು. ಬನಹಟ್ಟಿಯೇ ಗೆದ್ದಿತು. ಸಮಾರಂಭದಲ್ಲಿ ಅಧ್ಯಕ್ಷರು ಲಗಮಪ್ಪನ ಕೈಗೆ ಪ್ರಮಾಣಪತ್ರ ಕೊಟ್ಟು, ಕೈಮಗ್ಗದ ಉಳಿವಿಗಾಗಿ ಸಮಿತಿ ಪಟ್ಟ ಶ್ರಮವನ್ನು ಮುಕ್ಕಾಲು ಗಂಟೆ ನೆನೆದರು. ಎಲ್ಲರೂ ಚಪ್ಪಾಳೆ ತಟ್ಟಿದರು, ನಾನೂ ತಟ್ಟಿದೆ.

ಈಗ ನಾಲ್ಕೂ ತಂಡಗಳು ಲಗಮಪ್ಪನ ಹತ್ತಿರವೇ ಬಟ್ಟೆ ನೇಯಿಸುತ್ತವೆ. ಅವನ ಮಾಲು ಒಂದೇ ಸಲಕ್ಕೆ ಪಾಸಾಗುತ್ತದೆ. ಶಾಲೆಗಳಿಂದ, ಸಂಘಗಳಿಂದಲೂ ಬೇಡಿಕೆ ಬರುತ್ತದೆ. ತಪ್ಪಿಲ್ಲದ ಬಟ್ಟೆಯನ್ನು ಈಗ ಊರಲ್ಲಿ ಯಾರೂ ಕೈಮಗ್ಗದ್ದೆಂದು ನಂಬುವುದಿಲ್ಲ.

ಹೋದ ತಿಂಗಳು ಚಡ್ಡಿ ಬಟ್ಟೆ ತರಲು ಅವನ ಮನೆಗೆ ಹೋಗಿದ್ದೆ. ತಾರವ್ವನಿಗೆ ಕಣ್ಣು ಮಂಜಾಗಿದೆ. ಮಗ್ಗದ ಮೇಲೊಂದು ಸೀರೆ ಇತ್ತು, ಅವಳಿಗೆಂದೇ ಮಗ ನೇಯುತ್ತಿದ್ದದ್ದು. ಅವಳು ಅದರ ಮೇಲೆ ನಿಧಾನವಾಗಿ ಬೆರಳಾಡಿಸಿದಳು. ಒಂದು ಕಡೆ ಬೆರಳು ನಿಂತಿತು. ಇನ್ನೊಂದು ಕಡೆ ನಿಂತಿತು.

“ಲಗಮಾ, ಇದೂ ಸಮಿತಿದ ಏನೋ?”

“ಅಲ್ಲ ಬೇ. ಇದು ನಿನಗ. ಛಲೋ ನೋಡೇ ನೇಯ್ದೇನಿ.”

ತಾರವ್ವನ ಬೆರಳು ಮೂರನೆಯ ಕಡೆ ನಿಂತಿತು. ಲಗಮಪ್ಪ ನನ್ನ ಮುಖ ನೋಡಿದ. ನಾನು ಗಜಕಡ್ಡಿ ತೆಗೆದು ಸೀರೆಯ ಮೇಲಿಟ್ಟು ಎಣಿಸಿದೆ. ಗಜಕ್ಕೆ ಹತ್ತು ದೋಷಗಳಿದ್ದವು.

“ಚಿಂತಿ ಮಾಡಬ್ಯಾಡ್ರಿ, ತಾರವ್ವ,” ಎಂದೆ. “ಪಾಸ್ ಆಗೇತಿ.”