ಯಾರಿಗಾಗಿ ಹಾಡಿದ್ದು?

ಶಾಜಲಿಯ ತೊಂದರೆ ಶುರುವಾದದ್ದು ಕಚೇರಿಯ ನಮೂನೆಯೊಂದರ ನಾಲ್ಕನೇ ಕಲಮಿನಿಂದ. ಹಾಡಿದವರು, ಊರು, ತಾರೀಕು ಎಂಬ ಮೂರು ಕಲಮುಗಳನ್ನು ಅವನು ಒಂಬತ್ತು ವರ್ಷಗಳಿಂದ ದುಂಡಗಿನ ಅಕ್ಷರದಲ್ಲಿ ತುಂಬುತ್ತ ಬಂದಿದ್ದ. ‘ಯಾರಿಗಾಗಿ ಹಾಡಿದ್ದು?’ ಎಂಬ ನಾಲ್ಕನೆಯದು ಹಾಡು ಸಂಗ್ರಹಾಲಯಕ್ಕೆ ಹೊಸ ನಿರ್ದೇಶಕ ಡಾಕ್ಟರ್ ವಾಸಿಫ್ ಬಂದ ಮೇಲೆ ಸೇರಿದ್ದು.

ವಾಸಿಫ್ ಸಾಹೇಬರು ಹಿಮನಾಡಿನ ಬೇಟೆಗಾರರಿಂದ ಹಿಡಿದು ಸುಡಾನಿನ ಅಂಬಿಗರವರೆಗೆ ಹತ್ತು ಜನಾಂಗಗಳ ಹಾಡು ಅಭ್ಯಾಸ ಮಾಡಿ ಬಂದವರು. ಸಂದರ್ಭವಿಲ್ಲದೆ ಹಾಡಿದ್ದು ಹಾಡೇ ಅಲ್ಲ ಎಂಬುದು ಅವರ ಖಚಿತ ಅಭಿಪ್ರಾಯ. ಮದುವೆಯಿಲ್ಲದ ಮನೆಯಲ್ಲಿ ಶಾಜಲಿ ಹಾಡಿಸಿ ತಂದಿದ್ದ ಆರು ಧ್ವನಿಸುರುಳಿ ಮದುವೆ ಹಾಡುಗಳನ್ನು ಅವರು ಹಾಗೆಯೇ ವಾಪಸು ಕೊಟ್ಟಿದ್ದರು. ಈಗ ಸೊಹಾಗ್ ಪಟ್ಟಣದ ಆ ಪುಟ್ಟ ಹಾಡು ಸಂಗ್ರಹಾಲಯವನ್ನು ನೋಡಲು ಮರುದಿನ ಕೈರೋದಿಂದ ಸಮಿತಿ ಬರುವುದಿತ್ತು. ಸಂಜೆಯೊಳಗೆ ಒಂದು ಒಳ್ಳೆಯ ಸಾವಿನ ಹಾಡು ತಂದರೆ ಶಾಜಲಿಯ ತಾತ್ಕಾಲಿಕ ಕೆಲಸ ಖಾಯಂ; ತರದಿದ್ದರೆ ಈ ತಿಂಗಳಿಗೇ ಮುಕ್ತಾಯ.

“ಹಾಗಂತ ಯಾರನ್ನೂ ಕೊಲ್ಲೋಕೆ ಹೋಗಬೇಡಪ್ಪ” ಎಂದು ಗುಮಾಸ್ತ ಬುತ್ರುಸ್ ಬೆಳಿಗ್ಗೆ ಅವನನ್ನು ಬೀಳ್ಕೊಟ್ಟಿದ್ದ.

ಸುತ್ತಲಿನ ಮೂರು ಹಳ್ಳಿಗಳ ಸತ್ತವರೆಲ್ಲ ವಹೀಬಾ ಎಂಬ ಮುದುಕಿಯ ಕಂಠದ ಮೇಲೆ ಸವಾರಿ ಮಾಡಿಯೇ ಮಣ್ಣು ಸೇರಿದವರು. ಎಳೆಗರುವಿನಷ್ಟು ತೂಕದ ಧ್ವನಿಮುದ್ರಣ ಯಂತ್ರವನ್ನು ಹೊತ್ತು ಶಾಜಲಿ ಅವಳ ಅಂಗಳ ಸೇರಿದಾಗ ಹತ್ತು ಗಂಟೆ. ಊರಲ್ಲಿ ಯಾರೂ ಸತ್ತಿರಲಿಲ್ಲ. ಅವನಿಗೆ ನಿರಾಸೆಯಾಯಿತು. ನಿರಾಸೆಯಾದದ್ದಕ್ಕೆ ನಾಚಿಕೆಯಾಗಿ, ಮನಸ್ಸಿನಲ್ಲೇ ದೇವರ ಕ್ಷಮೆ ಕೇಳಿ, ಸುಮ್ಮನೆ ಒಂದೆರಡು ಹಾಡು ಹೇಳಬಹುದೇ ಎಂದು ಮುದುಕಿಯನ್ನು ಕೇಳಿದ.

“ಹೆಸರಿಲ್ದೆ ಅಳೋಕಾಗಲ್ಲ ಮಗನೇ” ಎಂದಳು ವಹೀಬಾ. “ಬರೀ ಅತ್ತರೆ ಸಾವು ಬಾಗಿಲಿಗೆ ಬಂದು, ಯಾರನ್ನ ಕರೆದಿರಿ ಅಂತ ಕೇಳ್ತದೆ. ಯಾರನ್ನ ತೋರಿಸಲಿ?”

ಅಷ್ಟರಲ್ಲಿ ಅಕ್ಕಪಕ್ಕದ ಹೆಂಗಸರು ಸೇರಿದ್ದರು. ಬಹಿಯ್ಯಾ ಎಂಬ ಪಕ್ಕದ ಮನೆಯ ಸೊಸೆ, ಬೇಕಾದರೆ ತನ್ನ ಅತ್ತೆಯ ಹೆಸರು ಹಾಕಿಕೊಳ್ಳಬಹುದೆಂದು ಉದಾರವಾಗಿ ಹೇಳಿದಳು. ಗೋಡೆಯಾಚೆ ಸೊಪ್ಪು ಸೋಸುತ್ತಿದ್ದ ಅತ್ತೆಯ ಚಪ್ಪಲಿ ಉತ್ತರವಾಗಿ ಹಾರಿಬಂತು. ಆಮೇಲೆ ಒಬ್ಬೊಬ್ಬರೇ ಶಾಜಲಿಯ ಕಡೆ ತಿರುಗಿದರು, ಸಂತೆಯಲ್ಲಿ ಕುರಿ ನೋಡುವವರ ಹಾಗೆ.

“ಇವನು ಹೊರಗಿನೋನು. ಸಾವು ಹುಡುಕ್ಕೊಂಡು ಹೋದ್ರೂ ಸೊಹಾಗಿಗೆ ಹೋಗ್ತದೆ, ನಮಗೇನು?” ಎಂದಳು ಬಹಿಯ್ಯಾ.

ವಹೀಬಾ ವಿವರ ಕೇಳತೊಡಗಿದಳು. ವಯಸ್ಸು ನಲವತ್ತೊಂದು. ತಂದೆ ಅಬ್ದುಲ್ ಮೌಜೂದ್, ತೀರಿಕೊಂಡಿದ್ದಾರೆ. ಮದುವೆ? ಕೆಲಸ ಖಾಯಂ ಆಗದವನಿಗೆ ಯಾರು ಹೆಣ್ಣು ಕೊಡುತ್ತಾರೆ, ಆಗಿಲ್ಲ ಎಂದ ಶಾಜಲಿ. ಹೆಂಗಸರ ಮುಖ ಅರಳಿತು. ಮದುವೆಯಾಗದೆ ಹೋದವನ ಹಾಡಿನಷ್ಟು ಚೆಂದದ ಹಾಡು ಇನ್ನೊಂದಿಲ್ಲ. ಊರಿಗೆ ಆ ಭಾಗ್ಯ ಬಂದು ಆರು ವರ್ಷವಾಗಿತ್ತು.

“ತಲೇಲಿ ಕೂದಲಿಲ್ವಲ್ಲ ಖಾಲಾ, ಮದುಮಗ ಅಂದ್ರೆ ಯಾರು ನಂಬ್ತಾರೆ?” ಎಂದು ಬಹಿಯ್ಯಾ ಶಂಕಿಸಿದಳು.

“ಕೂದಲು ನಾನು ಹಾಡಲ್ಲಿ ಹಾಕ್ಕೋತೀನಿ ಬಿಡು” ಎಂದಳು ವಹೀಬಾ.

ಆದರೆ ಹಾಡು ಹತ್ತಲಿಲ್ಲ. ಸತ್ತವನು ಎದುರಿಗೇ ಕೂತು ಗುಂಡಿ ತಿರುಗಿಸುತ್ತ ಪಿಳಿಪಿಳಿ ನೋಡುತ್ತಿದ್ದರೆ ಗಂಟಲು ಕಟ್ಟುತ್ತದೆ ಎಂದು ವಹೀಬಾ ದೂರಿದಳು. ಕೊನೆಗೆ ಶಾಜಲಿ ಚಾಪೆಯ ಮೇಲೆ ಮಲಗಬೇಕಾಯಿತು. ಮೇಲೆ ಬಿಳಿ ಹಚ್ಚಡ ಹೊದಿಸಿದರು. ಬಹಿಯ್ಯಾ ಅವನ ಕಾಲಿನ ಎರಡು ಹೆಬ್ಬೆರಳನ್ನು ಸೇರಿಸಿ ದಾರ ಕಟ್ಟಿದಳು. ಯಂತ್ರದ ಗುಂಡಿಯ ಮೇಲಿನ ಅವನ ಕೈಯೂ ಹಚ್ಚಡದೊಳಗೇ ಇತ್ತು. ಅವನು ಒಮ್ಮೆ ಕೆಮ್ಮಿದ. ಸತ್ತವರು ಕೆಮ್ಮುವುದಿಲ್ಲವೆಂದು ನಾಲ್ಕು ಜನ ಗದರಿಸಿದರು.

ಆಮೇಲೆ ವಹೀಬಾಳ ಕಂಠ ಎದ್ದಿತು.

‘ಫಲ ಬಿಟ್ಟ ವರ್ಷವೇ ಮುರಿದೆಯಲ್ಲೋ, ಖರ್ಜೂರದ ಮರವೇ ಶಾಜಲಿ, ಗೋರಂಟಿ ಅರೆದು ಕೂತಿದೀವಿ, ಕೈ ನೀಡೋಕೆ ನೀನಿಲ್ಲವಲ್ಲೋ ಶಾಜಲಿ.’ ಅವನ ಗುಂಗುರು ಕೂದಲಿಗೆ ಒಂದು ನುಡಿ, ನಡಿಗೆಗೆ ಒಂದು, ಅವನನ್ನು ಕಾಣದೆ ಹೋದ ಹೆಣ್ಣುಗಳಿಗೆ ಮೂರು. ಹಚ್ಚಡದೊಳಗೆ ಶಾಜಲಿ ಅಳತೊಡಗಿದ. ಅವನ ಬಗ್ಗೆ ಇಷ್ಟು ಒಳ್ಳೆಯ ಮಾತನ್ನು ಈವರೆಗೆ ಯಾರೂ ಆಡಿರಲಿಲ್ಲ.

ಹಾಡು ಕಬ್ಬಿನ ಗದ್ದೆ ದಾಟಿತು. ಗಂಡಸರು ಗುದ್ದಲಿ ಬಿಟ್ಟು ಬಂದು, ಯಾರು ಏನೆಂದು ಕೇಳದೆ, ಗೋಡೆಯ ಪಕ್ಕ ಸಾಲಾಗಿ ಕೂತರು. ಬಹಿಯ್ಯಾಳ ಅತ್ತೆ ಎಲ್ಲರಿಗಿಂತ ಜೋರಾಗಿ ಅತ್ತಳು. ದಾರಿಯಲ್ಲಿ ಹೋಗುತ್ತಿದ್ದ ಅಂಚೆಯವನು ಸೈಕಲ್ ನಿಲ್ಲಿಸಿ, ಗೋಡೆಯ ಮೇಲಿಂದ ಹಚ್ಚಡವನ್ನೂ ಯಂತ್ರವನ್ನೂ ನೋಡಿ, ಸೊಹಾಗಿನ ಹಾಡಿನ ಕಚೇರಿಯವನಂತೆ ಎಂದು ಯಾರಿಂದಲೋ ತಿಳಿದು, ಕಣ್ಣೊರೆಸಿಕೊಂಡು ಅಂಚೆ ಕಚೇರಿಯ ಟೆಲಿಫೋನಿನತ್ತ ವೇಗವಾಗಿ ತುಳಿದ.

ಸುರುಳಿ ಮುಗಿದಾಗ ಶಾಜಲಿ ಎದ್ದು ಕೂತ. ತಡವಾಗಿ ಬಂದಿದ್ದ ಇಬ್ಬರು ಗೋಡೆ ಹಾರಿ ಓಡಿದರು. ವಹೀಬಾ ಅವನ ಕೈಗೆ ರೊಟ್ಟಿ, ಗಿಣ್ಣು ಕೊಟ್ಟು, “ಸತ್ತು ದಣಿದಿದೀಯ, ದಾರೀಲಿ ತಿನ್ನು” ಎಂದಳು.

ರೈಲಿನಲ್ಲಿ ಅವನು ನಾಲ್ಕನೇ ಕಲಮಿನ ಎದುರು ಮೂರು ಸ್ಟೇಷನ್ ದಾಟುವವರೆಗೆ ತೊಳಲಾಡಿದ. ಕೊನೆಗೆ ‘ಶಾಜಲಿ ಅಬ್ದುಲ್ ಮೌಜೂದನಿಗಾಗಿ’ ಎಂದು ಬರೆದ. ಅದು ಸುಳ್ಳಲ್ಲ. ಆತ ಬದುಕಿದ್ದಾನೆಂದು ತಿಳಿಸಲು ನಮೂನೆಯಲ್ಲಿ ಜಾಗವಿರಲಿಲ್ಲ.

ಸಂಜೆ ಐದಕ್ಕೆ ಅವನು ಕಚೇರಿ ಹೊಕ್ಕಾಗ ಕುರ್ಚಿಗಳನ್ನೆಲ್ಲ ಸಾಲಾಗಿ ಹಾಕಿತ್ತು. ಕಾವಲುಗಾರ ಸಾವಿನ ಮನೆಯ ಸಕ್ಕರೆಯಿಲ್ಲದ ಕಾಫಿ ಹಂಚುತ್ತಿದ್ದವನು ತಟ್ಟೆಯನ್ನು ಕೈಬಿಟ್ಟ. ಬುತ್ರುಸ್ ಬಂದು ಶಾಜಲಿಯ ಕೆನ್ನೆ ಚಿವುಟಿ ನೋಡಿ, ಸೂಚನಾ ಫಲಕದ ಕಡೆ ಕೈ ತೋರಿಸಿದ. ‘ಕರ್ತವ್ಯದಲ್ಲಿದ್ದಾಗಲೇ ಅಗಲಿದ ದಿವಂಗತ ಶಾಜಲಿ ಅವರ ಒಂಬತ್ತು ವರ್ಷಗಳ ಸೇವೆಯನ್ನು ಗೌರವಿಸಿ, ಇಂದಿನಿಂದ ಅವರನ್ನು ಖಾಯಂಗೊಳಿಸಲಾಗಿದೆ.’

‘ದಿವಂಗತ’ ಎಂಬ ಒಂದು ಪದ ಬಿಟ್ಟರೆ, ಒಂಬತ್ತು ವರ್ಷ ಅವನು ಕನಸಿನಲ್ಲಿ ಓದಿದ್ದ ಆದೇಶವೇ ಅದು.

ವಾಸಿಫ್ ಸಾಹೇಬರು ಅವನನ್ನು ಬಾಚಿ ತಬ್ಬಿಕೊಂಡರು. ಆಮೇಲೆ ಏನೋ ಹೊಳೆದಂತೆ ಮೆಲ್ಲಗೆ ಬಿಟ್ಟರು. ಬಾಗಿಲು ಹಾಕಿ ಸುರುಳಿಯನ್ನು ಪೂರ್ತಿ ಕೇಳಿದರು. ಮತ್ತೆ ಅತ್ತರು.

“ಇದಕ್ಕಿಂತ ಸಾಚಾ ಹಾಡು ನಾನು ಕೇಳಿಲ್ಲ ಶಾಜಲಿ. ಊರಿಗೆ ಊರೇ ಅತ್ತಿದೆ, ಕಚೇರಿ ಅತ್ತಿದೆ, ನಾನೂ ಅತ್ತಿದೀನಿ. ನೀನೊಬ್ಬ ಬದುಕಿರೋದು ಬಿಟ್ಟರೆ ಇದರಲ್ಲಿ ಯಾವ ಕೊರತೇನೂ ಇಲ್ಲ.”

ಅಂಚೆಯವನ ಫೋನು ಬಂದ ಮೇಲೆ ಆದೇಶವೂ, ಇಂಥ ಅಪೂರ್ವ ಹಾಡು ಸಿಕ್ಕಿದೆಯೆಂಬ ತಂತಿಯೂ ಮೂರು ಗಂಟೆಗೇ ಕೈರೋಗೆ ಹೋಗಿದ್ದವು. ಅವನು ಬದುಕಿದ್ದರೆ ಹಾಡು ಸುಳ್ಳು. ಹಾಡು ನಿಜವಾದರೆ ಅವನಿಲ್ಲ.

“ಹಾಗಾದ್ರೆ ನಾನು ಖಾಯಂ ಆಗಿದೀನಾ ಸಾರ್?”

“ಖಾಯಂ. ಅದರಲ್ಲಿ ಎರಡು ಮಾತಿಲ್ಲ. ಆದರೆ ಕೆಲಸಕ್ಕೆ ಬರೋ ಹಾಗಿಲ್ಲ.” ಸಾಹೇಬರು ಅವನ ಹೆಗಲು ತಟ್ಟಿದರು. “ನಿನ್ನ ಅದೃಷ್ಟಕ್ಕೆ ಒಂದು ತಾತ್ಕಾಲಿಕ ಜಾಗ ಇವತ್ತೇ ಖಾಲಿಯಾಗಿದೆ. ನಿಮ್ಮಪ್ಪನ ಹೆಸರು ಮೊದಲು, ನಿನ್ನದು ಆಮೇಲೆ ಹಾಕಿ ಅರ್ಜಿ ಬರಿ.”

ಬುತ್ರುಸ್ ಅರ್ಜಿ ನಮೂನೆ ತಂದಿಟ್ಟ. ಹೆಸರು, ಊರು, ವಯಸ್ಸು ತುಂಬಿ ಶಾಜಲಿಯ ಪೆನ್ನು ನಾಲ್ಕನೇ ಕಲಮಿನಲ್ಲಿ ನಿಂತಿತು: ‘ಹಿಂದಿನ ಅನುಭವ’. ಒಂಬತ್ತು ವರ್ಷವೂ ತೀರಿಕೊಂಡವನ ಲೆಕ್ಕಕ್ಕೆ ಹೋಗಿತ್ತು. ಅವನು ಬಹಳ ಹೊತ್ತು ಯೋಚಿಸಿ, ದುಂಡಗೆ ‘ಇಲ್ಲ’ ಎಂದು ಬರೆದ.

ಬುತ್ರುಸ್ ಅರ್ಜಿಯನ್ನು ಬೆಳಕಿಗೆ ಹಿಡಿದು ನೋಡಿ ಹೇಳಿದ, “ನೋಡಪ್ಪಾ, ಹುಷಾರಾಗಿ ಕೆಲಸ ಮಾಡು. ಹಿಂದೆ ಇದ್ದೋನು ಬಹಳ ಶಿಸ್ತಿನ ಮನುಷ್ಯ. ಅವನ ಮಟ್ಟಕ್ಕೆ ಬರೋಕೆ ನಿನಗೆ ಒಂಬತ್ತು ವರ್ಷನಾದ್ರೂ ಬೇಕು.”